ಬಾಲಿಯ ಹುಲಿಯ ಅಳತೆ

ಗೋರೆಗಾಂವ್ ಪೂರ್ವದಲ್ಲಿ, ಆರೆ ಕಾಡಿನ ಅಂಚಿಗೆ ಒತ್ತಿಕೊಂಡಿರುವ ಒಂದು ಶೆಡ್ಡಿನಲ್ಲಿ ನಾನು ಇಪ್ಪತ್ತೆರಡು ವರ್ಷಗಳಿಂದ ಬಣ್ಣ ಹಚ್ಚುತ್ತಿದ್ದೇನೆ. ಸಿನಿಮಾದವರಿಗೆ, ಮಾಲ್‌ಗಳಿಗೆ, ಮದುವೆ ಮಂಟಪದವರಿಗೆ ಬೇಕಾದ ಫೈಬರ್ ಮೂರ್ತಿಗಳು ಅಲ್ಲಿ ತಯಾರಾಗುತ್ತವೆ. ಆನೆ, ಕುದುರೆ, ಕಂಬ, ಆಳೆತ್ತರದ ಐಸ್‌ಕ್ರೀಮ್ ಕೋನ್. ಅಚ್ಚು ಹೊಯ್ಯುವವರು ಶೆಡ್ಡಿನ ಯಜಮಾನರು, ಮರಾಠಿ ಮನುಷ್ಯ. ಚರ್ಮ, ಕೂದಲು, ಕಣ್ಣು ನನ್ನ ಪಾಲಿನ ಕೆಲಸ. ನಾನು ಉಡುಪಿಯ ಕಡೆಯವಳು. ನನ್ನ ಅಪ್ಪ ಅಷ್ಟಮಿಗೆ ಹುಲಿವೇಷದವರ ಮೈಮೇಲೆ ಪಟ್ಟೆ ಬರೆಯುತ್ತಿದ್ದರು. ಕುಂಚ ಹಿಡಿಯುವುದು ನನಗೆ ಅಲ್ಲಿಂದ ಬಂದದ್ದು. ಹಣೆಯ ಮೇಲೆ ಕೊನೆಯ ಪಟ್ಟೆ ಎಳೆದ ಮೇಲೆ ಅಪ್ಪ ಆ ಮನುಷ್ಯನನ್ನು ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಯಾಕೆಂದು ನಾನು ಯಾವತ್ತೂ ಕೇಳಲಿಲ್ಲ.

ಎರಡು ಚಳಿಗಾಲದ ಹಿಂದೆ ಪವಾಯಿಯ ಒಂದು ಮಾಲ್‌ನಿಂದ ನಾಲ್ಕು ಹುಲಿಗಳ ಆರ್ಡರ್ ಬಂತು. ಸೈಬೀರಿಯಾದ್ದು, ನಮ್ಮ ಬಂಗಾಳದ್ದು, ಸುಮಾತ್ರದ್ದು, ಬಾಲಿ ದ್ವೀಪದ್ದು. ಮಕ್ಕಳು ಪಕ್ಕದಲ್ಲಿ ನಿಂತು ಯಾವುದು ಎಷ್ಟು ದೊಡ್ಡದು ಎಂದು ಹೋಲಿಸಿ ನೋಡಬೇಕಂತೆ. ಹಾಗಾಗಿ ಅಳತೆ ಒಂದಿಂಚೂ ತಪ್ಪುವ ಹಾಗಿರಲಿಲ್ಲ. ಯಜಮಾನರು ಅಳತೆಯ ಹಾಳೆಯನ್ನು ಗೋಡೆಗೆ ಅಂಟಿಸಿದರು. ಸೈಬೀರಿಯಾದ ಗಂಡು ಮೂಗಿನಿಂದ ಬಾಲದ ತುದಿಯವರೆಗೆ ಹತ್ತು ಅಡಿಗೂ ಹೆಚ್ಚು, ಭುಜದ ಹತ್ತಿರ ನನ್ನ ಸೊಂಟ ದಾಟುತ್ತಿತ್ತು. ಬಂಗಾಳದ್ದು ಅದಕ್ಕಿಂತ ಅಷ್ಟೇನೂ ಕಡಿಮೆಯಿಲ್ಲ, ತೂಕದಲ್ಲಿ ಕೆಲವೊಮ್ಮೆ ಮುಂದೆಯೇ. ಸುಮಾತ್ರದ್ದು ಸುಮಾರು ಎಂಟು ಅಡಿ. ಬಾಲಿಯದ್ದು ಏಳು ಅಡಿ ಮೂರು ಇಂಚು. ಅಂದರೆ ಆರೆಯಲ್ಲಿ ಓಡಾಡುವ ದೊಡ್ಡ ಗಂಡು ಚಿರತೆಗಿಂತ ಒಂದು ಚೂರು ಉದ್ದ, ಅಷ್ಟೆ. ಅದು ಈಗ ಭೂಮಿಯ ಮೇಲೆ ಎಲ್ಲಿಯೂ ಇಲ್ಲ. ಕೊನೆಯದನ್ನು ಹೊಡೆದು ಮುಗಿಸಿ ಬಹಳ ಕಾಲವಾಯಿತು.

ಶೆಡ್ಡಿನ ಕಾವಲಿಗೆ ವಿಜಯಪುರದ ಒಬ್ಬ ಹಿರಿಯರಿದ್ದಾರೆ. ನಾನು ಅವರನ್ನು ಕಾಕಾ ಎನ್ನುತ್ತೇನೆ. ಹುಲಿಗಳ ಅಚ್ಚು ಏಳುತ್ತಿದ್ದಾಗ ಅವರಿಗೆ ಒಂದೇ ಪ್ರಶ್ನೆ.

“ಅಕ್ಕಾರ, ಇವು ನಾಕೂ ಕುಸ್ತಿಗೆ ನಿಂತ್ರ ಯಾವುದು ಗೆಲ್ಲತೈತ್ರಿ?”

ನಾನು ಅದನ್ನು ಹಿಂದಿಯಲ್ಲಿ ಯಜಮಾನರಿಗೆ ಹೇಳಿದೆ. ಅವರು ನಕ್ಕು, ಎತ್ತರ ನೋಡಬಾರದು, ಮುಂಗಾಲಿನ ಮಣಿಕಟ್ಟು ನೋಡಬೇಕು, ಹುಲಿಯ ಬಲವೆಲ್ಲ ಅಲ್ಲಿರುತ್ತದೆ ಎಂದರು. ಆಮೇಲೆ ಒಂದೊಂದರ ಮಣಿಕಟ್ಟನ್ನೂ ಎರಡು ಕೈಯಿಂದ ಹಿಡಿದು ತೋರಿಸಿದರು. ಸೈಬೀರಿಯಾದ್ದು ಎರಡು ಕೈಗೂ ಸಿಗಲಿಲ್ಲ. ಬಾಲಿಯದ್ದು ಸಿಕ್ಕಿತು, ಆದರೆ ಅಷ್ಟು ಸಣ್ಣ ಮೈಗೆ ಅದು ದಪ್ಪವೇ ಆಗಿತ್ತು.

ಚಿರತೆಯ ಹೆಜ್ಜೆ ಮೊದಲು ಕಂಡದ್ದು ಡಿಸೆಂಬರಿನ ಒಂದು ಬೆಳಿಗ್ಗೆ. ನಾನು ಏಳೂವರೆಗೆ ಗೇಟಿಗೆ ಬರುವಾಗ ಕಾಕಾ ಕೈಬೀಸಿ ಕರೆದರು. ಶೆಡ್ಡಿನ ಒಂದು ಬದಿಗೆ ಗೋಡೆಯಿಲ್ಲ, ಬರೀ ಟಾರ್ಪಾಲ್ ಇಳಿಬಿಟ್ಟಿದೆ. ಮೂರ್ತಿಗಳನ್ನು ಉಜ್ಜಿ ಉಜ್ಜಿ ನೆಲದ ತುಂಬ ಬಿಳಿ ಪುಡಿ ಹರಡಿರುತ್ತದೆ. ಆ ಪುಡಿಯ ಮೇಲೆ ಹೆಜ್ಜೆಗಳು ಅಚ್ಚಿನಂತೆ ಮೂಡಿದ್ದವು.

“ನೋಡ್ರಿ, ಹೆಂಗ ತಿರಗ್ಯಾಡೇತಿ,” ಎಂದರು ಕಾಕಾ. ಅವರ ದನಿಯಲ್ಲಿ ಹೆದರಿಕೆ ಇರಲಿಲ್ಲ. ಆರೆಯವರಿಗೆ ಚಿರತೆ ಹೊಸತಲ್ಲ. ಸಂಜೆಯಾದರೆ ಕಾಕಾ ತಮ್ಮ ಕೋಣೆಯ ಚಿಲಕ ಹಾಕಿಕೊಂಡರೆ ಮತ್ತೆ ತೆಗೆಯುವುದು ಬೆಳಕಾದ ಮೇಲೆಯೇ.

ಹೆಜ್ಜೆಗಳನ್ನು ನೋಡಿದರೆ ನಡೆದದ್ದೆಲ್ಲ ತಿಳಿಯುತ್ತಿತ್ತು. ಸೈಬೀರಿಯಾದ ಹುಲಿಯ ಸುತ್ತ ಅದು ದೂರದಿಂದ ಒಂದು ದೊಡ್ಡ ಸುತ್ತು ಹಾಕಿತ್ತು. ಬಂಗಾಳದ್ದರ ಸುತ್ತ ಸ್ವಲ್ಪ ಸಣ್ಣ ಸುತ್ತು. ಆಗಿನ್ನೂ ಬಣ್ಣ ಹಸಿಯಿದ್ದ ಸುಮಾತ್ರದ್ದರ ಪಕ್ಕದಲ್ಲಿ ಪುಡಿ ಉದ್ದಕ್ಕೆ ಒರೆಸಿಹೋಗಿತ್ತು. ಚಿರತೆ ಅಲ್ಲಿ ಮಲಗಿತ್ತು! ಬಾಲಿಯದ್ದು ಆಗಿನ್ನೂ ಬಣ್ಣ ಕಾಣದ ಬರೀ ಮೂರ್ತಿ, ಅದರತ್ತ ಹೆಜ್ಜೆ ಹೊರಳಿರಲಿಲ್ಲ. ಯಾವುದು ತನಗಿಂತ ಎಷ್ಟು ದೊಡ್ಡದೆಂದು ಅಳತೆಪಟ್ಟಿಯಿಲ್ಲದೆ ನೋಡಿಕೊಂಡು ಹೋದಂತಿತ್ತು.

ಯಜಮಾನರು ಅರಣ್ಯ ಇಲಾಖೆಗೆ ಫೋನ್ ಮಾಡಿದರು. ಬಂದ ಗಾರ್ಡ್, ಇದು ಅದರ ದಾರಿ, ಊಟದ ಡಬ್ಬಿ ಬಿಟ್ಟುಹೋಗಬೇಡಿ, ಒಬ್ಬೊಬ್ಬರೇ ಓಡಾಡಬೇಡಿ ಎಂದು ಹೇಳಿ ಹೋದ. ಆಮೇಲೆ ವಾರಕ್ಕೆ ಎರಡು ಮೂರು ಸಲ ಹೆಜ್ಜೆ ಕಾಣುತ್ತಿತ್ತು. ಸುತ್ತುಗಳು ಸಣ್ಣದಾಗುತ್ತಾ ಬಂದವು. ಒಂದು ದಿನ ಸೈಬೀರಿಯಾದ ಹುಲಿಯ ಹಿಂಗಾಲಿಗೆ ಉಚ್ಚೆ ಹೊಯ್ದು ಹೋಗಿತ್ತು. ನಾನು ಬೈಯುತ್ತಾ ತೊಳೆದೆ. ಹಗಲಲ್ಲಿ ಅದೇ ಹುಲಿಯ ಬೆನ್ನ ಮೇಲೆ ಕಾಗೆಗಳು ಸಾಲಾಗಿ ಕೂತಿರುತ್ತಿದ್ದವು.

ಬಾಲಿಯ ಹುಲಿಯ ಬಣ್ಣ ಕೊನೆಗೆ ಉಳಿಯಿತು. ಅದರ ತೊಗಲಿನ ಫೋಟೊ ಸಿಕ್ಕಿತ್ತು: ಗಾಢ ಕೇಸರಿ, ಒತ್ತೊತ್ತಾದ ಪಟ್ಟೆ, ಪಟ್ಟೆಗಳ ನಡುವೆ ಸಣ್ಣ ಚುಕ್ಕೆ. ಮುಖ ಮಾತ್ರ ಚಪ್ಪಟೆಯಾಗಿತ್ತು. ಯಜಮಾನರು ಹುಡುಕಿ ಇನ್ನೊಂದು ಹಳೆಯ ಕಪ್ಪು ಬಿಳುಪು ಫೋಟೊ ಕಳಿಸಿದರು. ಹೊಡೆದ ಹುಲಿಯನ್ನು ಕಾಲು ಕಟ್ಟಿ ಗಳಕ್ಕೆ ತೂಗುಹಾಕಿದ್ದರು, ತಲೆ ಕೆಳಗಾಗಿ. ಮುಖ ನೋಡಲು ಮೊಬೈಲನ್ನು ತಿರುಗಿಸಿದೆ. ಚಿತ್ರವೂ ಜೊತೆಗೆ ತಿರುಗಿ ಮತ್ತೆ ತಲೆ ಕೆಳಗಾಯಿತು. ಮೂರು ನಾಲ್ಕು ಸಲ ಹಾಗೆಯೇ ಆಯಿತು. ಕೊನೆಗೆ ಮೊಬೈಲನ್ನು ಬೆಂಚಿನ ಮೇಲಿಟ್ಟು, ನಾನೇ ಆಚೆ ಬದಿಗೆ ಹೋಗಿ ನಿಂತು ನೋಡಿದೆ. ಕಣ್ಣು ಅರ್ಧ ಮುಚ್ಚಿತ್ತು. ಆ ಕಣ್ಣನ್ನು ನಾನು ತೆರೆಯಬೇಕಿತ್ತು.

ನಾಲ್ಕು ದಿನ ಆ ಮುಖದ ಮುಂದೆ ಕೂತೆ. ದೊಡ್ಡ ಹುಲಿಗಳಿಗೆ ಬಣ್ಣ ಹಚ್ಚುವಾಗ ಅವು ನನ್ನ ತಲೆಯ ಮೇಲಿಂದ ಎಲ್ಲೋ ದೂರ ನೋಡುತ್ತಿರುತ್ತವೆ. ಇದು ಹಾಗಲ್ಲ. ನಾನು ಕುಕ್ಕರಗಾಲಿನಲ್ಲಿ ಕೂತರೆ ಅದರ ಕಣ್ಣು ಸರಿಯಾಗಿ ನನ್ನ ಕಣ್ಣಿನ ಎತ್ತರಕ್ಕೆ ಬರುತ್ತಿತ್ತು. ಗಾಜಿನ ಕಣ್ಣು ಕೂರಿಸಿ, ಹಣೆಯ ಕೊನೆಯ ಪಟ್ಟೆ ಎಳೆದದ್ದು ಒಂದು ಶನಿವಾರ ಮಧ್ಯಾಹ್ನ. ಕುಂಚ ತೊಳೆಯಲು ನಳ್ಳಿಯ ಕಡೆಗೆ ಹೊರಟವಳು ಅದಕ್ಕೆ ಬೆನ್ನು ತೋರಿಸದೆ ಹಿಂದೆ ಹಿಂದೆ ನಡೆದಿದ್ದೇನೆ ಎಂದು ತಿಳಿದದ್ದು ಡ್ರಮ್ಮಿಗೆ ಎಡವಿದ ಮೇಲೆ.

ಸೋಮವಾರ ಬೆಳಿಗ್ಗೆ ಕಾಕಾ ಗೇಟಿನಲ್ಲಿ ಕರೆಯಲಿಲ್ಲ. ಶೆಡ್ಡಿನ ಒಳಗೆ ನೆಲ ನೋಡುತ್ತಾ ನಿಂತಿದ್ದರು.

“ಎಂತ ಆಯ್ತು ಕಾಕಾ?”

“ನೀವ ನೋಡ್ರಿ ಅಕ್ಕಾರ. ನನಗ ತಿಳೀವಲ್ದು.”

ಚಿರತೆ ಬಂದಿತ್ತು. ಸೈಬೀರಿಯಾದ್ದರ ಕಾಲಿಗೆ ತಾಗಿಕೊಂಡೇ ನಡೆದಿತ್ತು. ಬಂಗಾಳದ್ದನ್ನೂ ಸುಮಾತ್ರದ್ದನ್ನೂ ಗಣನೆಗೇ ತೆಗೆದುಕೊಂಡಿರಲಿಲ್ಲ. ಬಾಲಿಯದ್ದರಿಂದ ಮೂರು ಮಾರು ದೂರದಲ್ಲಿ ಹೆಜ್ಜೆ ನಿಂತಿತ್ತು. ನಾಲ್ಕೂ ಪಾದಗಳು ಪುಡಿಯಲ್ಲಿ ಆಳವಾಗಿ ಒತ್ತಿದ್ದವು. ಬಹಳ ಹೊತ್ತು ಅಲ್ಲಾಡದೆ ನಿಂತ ಗುರುತು. ಅಲ್ಲಿಂದ ಮುಂದೆ ಹೆಜ್ಜೆಯೇ ಇರಲಿಲ್ಲ. ಒಂದೇ ನೆಗೆತಕ್ಕೆ ಟಾರ್ಪಾಲಿನ ಹೊರಗೆ ಬಿದ್ದಿತ್ತು. ಹೊರಗಿನ ಮಣ್ಣಿನಲ್ಲಿ ಉಗುರಿನ ಗೀರುಗಳಿದ್ದವು.

ಯಜಮಾನರು ಬಂದು ನೋಡಿದರು. “ಟರ್ಪೆಂಟೈನ್ ವಾಸ್, ಬಾಯಿ. ದುಸ್ರಾ ಕುಛ್ ನಹೀ,” ಎಂದರು. ಹಸಿ ಬಣ್ಣದ ವಾಸನೆಗೆ ಹೆದರಿತು, ಬೇರೇನಿಲ್ಲ ಎಂದು ಅವರ ಅರ್ಥ. ಇರಬಹುದು. ಆದರೆ ಸುಮಾತ್ರದ್ದರ ಬಣ್ಣ ಹಸಿಯಿದ್ದಾಗಲೇ ಅದು ಪಕ್ಕದಲ್ಲಿ ಮಲಗಿತ್ತಲ್ಲ. ಟೇಪು ತೆಗೆದುಕೊಂಡು ಬಾಲಿಯದ್ದನ್ನು ಇನ್ನೊಮ್ಮೆ ಅಳೆದೆ. ಏಳು ಅಡಿ ಮೂರು ಇಂಚು. ಅಳತೆಯಲ್ಲಿ ಏನೂ ಬದಲಾಗಿರಲಿಲ್ಲ. ಅಂದು ಮಧ್ಯಾಹ್ನ ಕಾಗೆಗಳನ್ನು ಗಮನಿಸಿದೆ. ಮೂರು ಬೆನ್ನುಗಳ ಮೇಲೆ ಕೂತಿದ್ದವು, ನಾಲ್ಕನೆಯದರ ಮೇಲೆ ಒಂದೂ ಇಲ್ಲ.

ಜನವರಿಯಲ್ಲಿ ಟ್ರಕ್ ಬಂದು ನಾಲ್ಕನ್ನೂ ಪವಾಯಿಗೆ ಒಯ್ದಿತು. ಹತ್ತು ದಿನಕ್ಕೆ ಬಾಲಿಯದ್ದು ಮಾತ್ರ ವಾಪಸು ಬಂತು. ಜನ ಅದನ್ನು ಮರಿ ಎಂದು ತಿಳಿಯುತ್ತಾರೆ, ಇದರ ತಾಯಿ ಯಾವುದು ಎಂದು ಕೇಳುತ್ತಾರೆ, ಹೋಲಿಸಿ ನೋಡಲು ಮೂರೇ ಸಾಕು ಎಂದು ಮಾಲ್‌ನವರು ಹೇಳಿ ಕಳಿಸಿದ್ದರು. ಅದನ್ನು ಮೊದಲಿನ ಜಾಗದಲ್ಲೇ ನಿಲ್ಲಿಸಿದರು. ಆ ಇಡೀ ತಿಂಗಳು ಚಿರತೆಯ ಒಂದು ಹೆಜ್ಜೆಯೂ ಶೆಡ್ಡಿನ ಹತ್ತಿರ ಕಾಣಲಿಲ್ಲ. ಗೇಟಿನ ನಾಯಿಗಳು ಕೂಡ ಆ ಬದಿಗೆ ಬರುವುದನ್ನು ಬಿಟ್ಟವು.

ಒಂದು ಬೆಳಿಗ್ಗೆ ಚಹಾ ಕುಡಿಯುತ್ತಾ ಕಾಕಾ ಹೇಳಿದರು: “ಮೂವತ್ತು ವರ್ಷ ಆತ್ರಿ ನಾ ಈ ಕಾಡಿನ ಬಾಜೂಕ ಇದ್ದು. ಚಿರತಿ ಅಂದ್ರ ನನಗ ಅಂಜಿಕಿ ಇಲ್ಲ. ಈ ಹುಲೀದ್ದ ಅಂಜಿಕಿ ನೋಡ್ರಿ. ಗ್ವಾಡಿ ಕಡೆ ಮಾರಿ ತಿರುವಿ ಇಡೂಣೇನ್ರಿ?”

“ಬೇಡ ಕಾಕಾ,” ಎಂದೆ. ಅದು ಗೋಡೆಗೆ ಮುಖ ಮಾಡಿ ನಿಂತರೆ, ಈಗ ಎತ್ತ ನೋಡುತ್ತಿದೆ ಎಂದು ನಮಗೆ ತಿಳಿಯುವುದಿಲ್ಲವಲ್ಲ ಎನ್ನಿಸಿತು. ಮನೆಗೆ ಹೋಗಿ ಗಂಡನಿಗೆ ಹೇಳಿದೆ. “ನಿಂಗೆ ಕೆಲಸ ಜಾಸ್ತಿ ಆಗಿದೆ ಮಾರಾಯ್ತಿ, ಎರಡು ದಿನ ರಜೆ ಹಾಕು,” ಎಂದರು. ಹಾಕಲಿಲ್ಲ.

ಫೆಬ್ರವರಿಯಲ್ಲಿ ಮಕ್ಕಳ ಆಟದ ಪಾರ್ಕಿನವರೊಬ್ಬರು ಬಂದು ಅದನ್ನು ಒಪ್ಪಿಕೊಂಡರು. ಆದರೆ ಅವರಿಗೆ ನಗುವ ಹುಲಿ ಬೇಕಿತ್ತು. ಹಳದಿ ಮೈ, ದುಂಡು ಕಣ್ಣು, ಹೊರಗೆ ಚಾಚಿದ ಕೆಂಪು ನಾಲಿಗೆ. ನಾನೇ ಮಾಡಬೇಕಾಯಿತು. ಗಾಜಿನ ಕಣ್ಣುಗಳನ್ನು ಕೀಳುವಾಗ ಎರಡು ತೂತುಗಳ ಒಳಗಿನಿಂದ ಬೆಚ್ಚನೆಯ ಗಾಳಿ ಬಂದು ನನ್ನ ಕೆನ್ನೆಗೆ ತಾಗಿತು. ಫೈಬರ್ ಮೂರ್ತಿ ಒಳಗೆ ಟೊಳ್ಳು, ಬಿಸಿಲಿಗೆ ಕಾಯುತ್ತದೆ, ಅದು ನನಗೆ ಗೊತ್ತು. ಆದರೆ ಅಂದು ಅದು ಬೆಳಗಿನಿಂದ ನೆರಳಿನಲ್ಲಿತ್ತು. ತೂತುಗಳಿಗೆ ಬೇಗ ಬೇಗ ಪುಟ್ಟಿ ತುಂಬಿದೆ. ಮೇಲೆ ಕಾರ್ಟೂನ್ ಕಣ್ಣು ಬರೆದೆ. ಎರಡು ಕೋಟ್ ಹಳದಿ ಹೊಡೆದರೂ ಪಟ್ಟೆಗಳು ಕೆಳಗಿನಿಂದ ಇಣುಕಿದವು. ಮೂರನೆಯದಕ್ಕೆ ಮುಚ್ಚಿಹೋದವು. ಅಷ್ಟು ಕಷ್ಟಪಟ್ಟು ಮಾಡಿದ್ದನ್ನು ಅಳಿಸುವಾಗ ಬೇಸರವಾಗಬೇಕಿತ್ತು. ಆಗಲಿಲ್ಲ. ಸದ್ಯ, ಮುಗಿಯಿತು ಎನ್ನಿಸಿತು. ಆಮೇಲೆ ಹಾಗೆ ಅನ್ನಿಸಿದ್ದಕ್ಕೆ ನಾಚಿಕೆಯಾಯಿತು. ಅದನ್ನು ಒಮ್ಮೆ ಮನುಷ್ಯರು ಮುಗಿಸಿದ್ದರು, ಈಗ ನಾನು.

ಟೆಂಪೊ ಅದನ್ನು ಒಯ್ದು ಒಂದು ವಾರವಾಗಿರಬೇಕು. ನಾನು ಲೋಕಲ್ ರೈಲಿನಲ್ಲಿದ್ದಾಗ ಕಾಕಾ ಫೋನ್ ಮಾಡಿದರು.

“ಅಕ್ಕಾರ, ಬಂದೈತ್ರಿ! ಚಿರತಿ ಬಂದೈತಿ!” ಊರಿಂದ ನೆಂಟರು ಬಂದ ಹಾಗಿತ್ತು ಅವರ ದನಿ. ಅದನ್ನು ಕೇಳಿ ನನಗೂ ಎದೆ ಹಗುರವಾಯಿತು.

ಹೋಗಿ ನೋಡಿದೆ. ಹೆಜ್ಜೆಗಳು ಟಾರ್ಪಾಲಿನ ಕೆಳಗಿನಿಂದ ಬಂದು ಇಡೀ ಶೆಡ್ಡನ್ನು ಉದ್ದಕ್ಕೂ ದಾಟಿದ್ದವು. ನೇರ ದಾರಿಯಲ್ಲಿ ಅಡ್ಡಿಯೇನೂ ಇರಲಿಲ್ಲ, ನೆಲ ಪೂರ್ತಿ ಖಾಲಿ. ಆದರೂ ಬಾಲಿಯ ಹುಲಿ ನಿಂತಿದ್ದ ಜಾಗದ ಹತ್ತಿರ ಬಂದಾಗ ಹೆಜ್ಜೆಗಳು ಬಾಗಿ, ಮೂರು ಮಾರು ದೂರದಿಂದ ಸುತ್ತಿಕೊಂಡು ಹೋಗಿದ್ದವು. ಯಜಮಾನರಿಗೆ ತೋರಿಸಿದೆ. ಅವರು ಪೊರಕೆ ತಂದು ತಾವೇ ಪುಡಿಯನ್ನು ಗುಡಿಸಿದರು.