ಕಾರ್ಡ್ ನಡೆಯದ ಅಂಗಡಿ

ಎರಡು ಡಾಲರ್ ಇಪ್ಪತ್ತೈದು ಸೆಂಟ್. ಪಾರ್ಕಿಂಗ್ ಮೀಟರಿಗೆ ಹಾಕಿದ ದುಡ್ಡು ಅಷ್ಟೇ. ನನ್ನ ಸಿಟಿಜನ್‌ಶಿಪ್ ಉಳಿದದ್ದು ಅಷ್ಟರಲ್ಲಿ. ಅಂಗಡಿಯ ಹುಡುಗಿಯೊಬ್ಬಳು ಪುಕ್ಕಟೆ ಹೇಳಿದ ಮಾತನ್ನೇ ಕೋಟು ಹಾಕಿಕೊಂಡು ಇನ್ನೊಮ್ಮೆ ಹೇಳುವುದಕ್ಕೆ ಲಾಯರ್ ಮುನ್ನೂರು ಕೇಳಿದ. ಇನ್ನೂರೈವತ್ತಕ್ಕೆ ಇಳಿಸಿದೆ, ಅದು ಬೇರೆ ವಿಷಯ.

ಅಡುಗೆಮನೆಗಳಿಗೆ ಗ್ರಾನೈಟ್ ಕೂರಿಸುವುದು ನನ್ನ ವ್ಯಾಪಾರ. ನ್ಯೂಜರ್ಸಿಯ ಎಡಿಸನ್ನಿನಲ್ಲಿ ಅರ್ಧ ಊರಿನ ಒಗ್ಗರಣೆ ಸಿಡಿಯುವುದು ನಾನು ಹಾಕಿದ ಕಲ್ಲಿನ ಮೇಲೆ ಎಂದು ಸ್ವಲ್ಪ ಹೆಚ್ಚಿಸಿಯೇ ಹೇಳಿಕೊಳ್ಳುತ್ತೇನೆ. ಮೊದಲ ವರ್ಷಗಳಲ್ಲಿ ಕಲ್ಲನ್ನು ನಾನೇ ಹೊತ್ತಿದ್ದೆ. ಅದನ್ನು ಈಗ ಮಂಡಿ ನೆನಪಿಸುತ್ತಿದೆ. ಫ್ಲಶಿಂಗ್ ದೇವಸ್ಥಾನದ ಕ್ಯಾಂಟೀನಿನಲ್ಲಿ ದೋಸೆಗೆ ನಿಂತಾಗ ನಾನು ಕಾಲು ಬದಲಿಸುವುದನ್ನು ನೋಡಿ ಗೆಳೆಯ ಶ್ರೀಧರ ಹೇಳಿದ: "ಒಂದು ಗಮ್ಮಿ ಬಾಯಿಗೆ ಹಾಕ್ಕೊಳೋ. ಗಾಂಜಾ ಹಾಕಿದ ಜೆಲ್ಲಿ ಮಿಠಾಯಿ, ನೋವಿಗೆ. ಈಗೆಲ್ಲ ಲೀಗಲ್ಲು. ನಮ್ಮ ಮಾವನೇ ತಗೋತಾರೆ, ಸಂಧ್ಯಾವಂದನೆ ಆದ್ಮೇಲೆ."

ಗಾಂಜಾ ಎಂದರೆ ಬೆಚ್ಚಿಬೀಳುವವನಲ್ಲ ನಾನು. ಕಾನೂನು ಈ ಗಿಡದ ಜೊತೆ ಎಂದೂ ನೆಟ್ಟಗೆ ನಡೆದುಕೊಂಡದ್ದೇ ಇಲ್ಲ. ಭಾರತದಲ್ಲಿ ಹೂವಿಗೆ ಜೈಲು. ಬರೀ ಎಲೆಗೆ, ಅಂದರೆ ಭಂಗಿಗೆ, ಉತ್ತರದ ಕೆಲವು ಕಡೆ ಪರವಾನಗಿ ಪಡೆದ ಅಂಗಡಿಯೇ ಉಂಟು. ಇಲ್ಲಿ ನದಿಯಾಚೆ ನ್ಯೂಯಾರ್ಕಿನಲ್ಲಿ ಇಪ್ಪತ್ತೊಂದು ದಾಟಿದವರು ಮನೆಯಲ್ಲೇ ಕೆಲವು ಗಿಡ ಬೆಳೆಸಬಹುದು. ನಮ್ಮ ಜರ್ಸಿಯಲ್ಲಿ ಕೊಳ್ಳಬಹುದು, ಬೆಳೆಸುವಂತಿಲ್ಲ. ಕೊಂಡದ್ದನ್ನು ನದಿ ದಾಟಿಸುವಂತಿಲ್ಲ. ಅಂಗಡಿ ಬೇಕೋ ಬೇಡವೋ ಎಂಬುದನ್ನು ಆಯಾ ಊರೇ ತೀರ್ಮಾನಿಸುತ್ತದೆ. ಇಷ್ಟನ್ನೂ ಓದಿಕೊಂಡೇ, ಮಾನ್ಮತ್ ಜಂಕ್ಷನ್ನಿನ ಮನೆಯಿಂದ ಅರ್ಧ ಗಂಟೆ ಡ್ರೈವ್ ಮಾಡಿ ಅಂಗಡಿಯಿರುವ ಊರಿಗೆ ಹೋದೆ. ಕಲ್ಲು ಕೊಳ್ಳುವಾಗಲೂ ಮೂರು ಕಡೆ ವಿಚಾರಿಸುವವನು ನಾನು.

ಬಾಗಿಲಲ್ಲಿ ನನ್ನ ಲೈಸೆನ್ಸ್ ಕೇಳಿದರು, ಇಪ್ಪತ್ತೊಂದು ತುಂಬಿದೆಯೇ ಎಂದು ನೋಡಲು. ಅರವತ್ತರ ಮನುಷ್ಯನಿಗೆ ಅದಕ್ಕಿಂತ ದೊಡ್ಡ ಗೌರವ ಯಾರು ಮಾಡಿಯಾರು? ಒಳಗೆ ಮೊಬೈಲ್ ಶೋರೂಮಿನಂಥ ಬೆಳಕು, ಗೋಡೆಯ ಮೇಲೆ ಒಂದು ಬೋರ್ಡು: ಕ್ರೆಡಿಟ್ ಕಾರ್ಡ್ ನಡೆಯುವುದಿಲ್ಲ, ಕ್ಯಾಶ್ ತನ್ನಿ. ನನಗೆ ಹಾಲು ಕುಡಿದಷ್ಟು ಖುಷಿಯಾಯಿತು. ಕ್ಯಾಶ್ ಎಂದರೆ ನನ್ನ ವ್ಯಾಪಾರದಲ್ಲಿ ಒಂದೇ ಅರ್ಥ, ಬೆಲೆ ಇಳಿಯುತ್ತದೆ.

ಕೌಂಟರಿನಲ್ಲಿದ್ದ ಹುಡುಗಿ ಗಮ್ಮಿಯ ಡಬ್ಬಿಯೊಂದನ್ನು ಮುಂದಿಟ್ಟು ಬೆಲೆ ಹೇಳಿದಳು. ಹೆಂಡತಿ ಸರಳಾಗೆ ಫೋನ್ ಮಾಡಿದೆ. "ನಲವತ್ತು ಹೇಳ್ತಿದಾಳೆ ಕಣೇ. ಮೂವತ್ತಕ್ಕೆ ತರ್ತೀನಿ ನೋಡು."

"ಅಲ್ಲೂ ಶುರು ಮಾಡಿದ್ರಾ? ಮಾನ ಉಳಿಸಿ ಮನೆಗೆ ಬನ್ನಿ," ಎಂದಳು.

ಕೌಂಟರಿನ ಹುಡುಗಿ ನಗು ತಡೆದುಕೊಂಡು, "ಅಂಕಲ್, ಐ ಅಂಡರ್‌ಸ್ಟ್ಯಾಂಡ್ ಕನ್ನಡ," ಎಂದಳು. ಅಪ್ಪ ಅಮ್ಮ ಮೈಸೂರಿನವರಂತೆ. ತಾನು ಹುಟ್ಟಿದ್ದು ಇಲ್ಲೇ. ನಾಚುವ ಬದಲು ನಾನು ಸಲುಗೆ ಹೆಚ್ಚಿಸಿಕೊಂಡೆ. ಚೌಕಾಸಿಯಲ್ಲಿ ಕೊನೆಗೆ ಎಸೆಯುವ ದಾಳ ಸ್ವಂತ ಕಷ್ಟ. "ಮುಂದಿನ ತಿಂಗಳು ಸಿಟಿಜನ್‌ಶಿಪ್ ಇಂಟರ್‌ವ್ಯೂ ಇದೆಯಮ್ಮ, ಅಲ್ಲಿಗಾದರೂ ಕುಂಟದೆ ಹೋಗೋಣ ಅಂತ. ನೋಡಿ ಹಾಕು."

ಅವಳ ನಗು ನಿಂತಿತು. ಡಬ್ಬಿಯನ್ನು ತನ್ನ ಕಡೆಗೆ ಎಳೆದುಕೊಂಡಳು.

"ಸೋ ನೀವು ಸಿಟಿಜನ್ ಅಲ್ಲ? ಅಂಕಲ್, ಸ್ಟೇಟ್ ಓಕೆ ಅನ್ನತ್ತೆ, ಫೆಡರಲ್, ಐ ಮೀನ್ ಇಡೀ ದೇಶದ ಕಾನೂನು, ನೋ ಅನ್ನತ್ತೆ. ಇಮಿಗ್ರೇಷನ್ ಈಸ್ ಫೆಡರಲ್. ಕ್ರೆಡಿಟ್ ಕಾರ್ಡ್ ಯಾಕೆ ಇಲ್ಲ ಅಂದ್ಕೊಂಡ್ರಿ? ಐ ಆಮ್ ನಾಟ್ ಎ ಲಾಯರ್. ಬಟ್ ಇವತ್ತು ಏನೂ ತಗೋಬೇಡಿ, ಪ್ಲೀಸ್."

ಬೋರ್ಡು ನನ್ನ ಕಣ್ಣೆದುರೇ ಇತ್ತು. ಇಷ್ಟು ಬೆಳಕಿನ ಅಂಗಡಿಗೆ ಕಾರ್ಡ್ ಕಂಪನಿಗಳು ಯಾಕೆ ಹೆದರುತ್ತವೆ ಎಂದು ಯೋಚಿಸದೆ, ಹತ್ತು ಡಾಲರ್ ಹೇಗೆ ಇಳಿಸಲಿ ಎಂದು ನಾನು ಲೆಕ್ಕ ಹಾಕುತ್ತಿದ್ದೆ. ಶ್ರೀಧರನ ಮಾವ ಸಿಟಿಜನ್. ನಾನು ಹದಿನೆಂಟು ವರ್ಷದಿಂದ ಗ್ರೀನ್ ಕಾರ್ಡಿನವನು. ಏನೂ ಕೊಳ್ಳದೆ ಹೊರಬಿದ್ದೆ. ಕೊಂಡು ತಿಂದು, ಇಂಟರ್‌ವ್ಯೂನಲ್ಲಿ ನಿಜ ಹೇಳಿದ್ದರೆ ಅರ್ಜಿ ಬೀಳಬಹುದಿತ್ತು, ಸುಳ್ಳು ಹೇಳಿದ್ದರೆ ಇನ್ನೂ ಕೆಡುತ್ತಿತ್ತು ಎಂದ, ಆಮೇಲೆ ನಾನು ಹೋಗಿ ಕೇಳಿದ ಲಾಯರ್.

ಇಂಟರ್‌ವ್ಯೂನಲ್ಲಿ, ಗಾಂಜಾ ಕೊಂಡದ್ದೋ ತಿಂದದ್ದೋ ಉಂಟೇ ಎಂಬ ಪ್ರಶ್ನೆ ಬಂದೇ ಬಂತು. ನೆಮ್ಮದಿಯಿಂದ "ನೋ" ಎಂದೆ. ಪ್ರಮಾಣವಚನವಾದ ವಾರ, ಸರಳಾ ಮಾಡಿದ ಮೈಸೂರು ಪಾಕಿನ ಡಬ್ಬಿ ಹಿಡಿದು ಆ ಅಂಗಡಿಯ ಹೊರಗೆ ಆ ಹುಡುಗಿಯ ಬ್ರೇಕ್ ಸಮಯಕ್ಕೆ ಕಾದೆ.

"ಗಿಫ್ಟ್ ತಗೊಳ್ಳೋ ಹಾಗಿಲ್ಲ, ಅಂಕಲ್."

"ಗಿಫ್ಟ್ ಅಲ್ಲಮ್ಮ, ಸ್ಯಾಂಪಲ್. ಗ್ರಾನೈಟಿಗೂ ಕೊಡ್ತೀನಿ."

ಒಂದು ಚೂರು ತಿಂದಳು, ಇನ್ನೊಂದು ಕರವಸ್ತ್ರದಲ್ಲಿ ಸುತ್ತಿಕೊಂಡಳು. ಬಂದ ಗಿರಾಕಿಯನ್ನು ಬರಿಗೈಲಿ ಕಳಿಸಿ ಅವನನ್ನು ಉಳಿಸಿದ ವ್ಯಾಪಾರಿಯನ್ನು ನಾನು ಬೇರೆಲ್ಲೂ ಕಂಡಿಲ್ಲ, ನಾನಾಗಿದ್ದರೆ ಮಾರುತ್ತಿದ್ದೆನೇನೋ.

ಮಂಡಿ ಈಗಲೂ ನೋಯುತ್ತದೆ. ಎಳ್ಳೆಣ್ಣೆ ತಿಕ್ಕಿಕೊಂಡು ಸುಧಾರಿಸುತ್ತೇನೆ. ನಿಮಗೆ ಹೇಳುವುದಿಷ್ಟು: ಕೈಯಲ್ಲಿ ಇಲ್ಲಿನ ಪಾಸ್‌ಪೋರ್ಟ್ ಇಲ್ಲದಿದ್ದರೆ, ರಾಜ್ಯ ಒಪ್ಪಿತು ಎಂದು ದೇಶವೂ ಒಪ್ಪಿತೆಂದು ತಿಳಿಯಬೇಡಿ, ಮೊದಲು ಲಾಯರನ್ನು ಕೇಳಿ, ಮುನ್ನೂರು ಎಂದರೆ ಇನ್ನೂರೈವತ್ತಕ್ಕೆ ಬರುತ್ತಾನೆ. ಯಾವ ಅಂಗಡಿಯವರಾದರೂ ಕಾರ್ಡ್ ಬೇಡವೆಂದರೆ, ಯಾಕೆಂದು ಕೇಳಿ. ಆಮೇಲೆ ಚೌಕಾಸಿ ಮಾಡಿ. ಅದನ್ನು ಮಾತ್ರ ಬಿಡಬೇಡಿ. ಹೇಳಿದ ಬೆಲೆಗೆ ಸುಮ್ಮನೆ ನಲವತ್ತು ಎಣಿಸಿದ್ದರೆ, ಆ ಹುಡುಗಿಗೆ ನನ್ನ ಕಥೆ ಗೊತ್ತಾಗುತ್ತಲೇ ಇರಲಿಲ್ಲ.