ಶನಿದೇವರ ಚಿಗಳಿ

ಶನಿವಾರ ಟೂರು ಇಟ್ಟುಕೊಳ್ಳಬೇಡಿ ಎಂದು ನಾನು ಬಡಕೊಂಡೆ. ಶನಿವಾರ ಪಾವಗಡದ ಶನಿಮಹಾತ್ಮನ ಗುಡಿಯಲ್ಲಿ ಕಾಲಿಡಲು ಜಾಗ ಇರುವುದಿಲ್ಲ, ಸಾಲಿನಲ್ಲಿ ನಿಂತು ನಿಂತು ಮಂಡಿ ಬಿದ್ದುಹೋಗುತ್ತದೆ. ನಮ್ಮೂರ ಸಂಘದ ಹೆಂಗಸರು ಕೇಳಲಿಲ್ಲ. ಅವರಿಗಿಂತ ಹೆಚ್ಚು ಹಟ ಹಿಡಿದವಳು ನಮ್ಮ ಬೀಗಿತ್ತಿ. ಅವಳು ನನ್ನ ಸೊಸೆಯ ತಾಯಿ, ಕೊರಟಗೆರೆ ಕಡೆಯವಳು. ಮಗಳನ್ನು ನೋಡಿಕೊಂಡು ಹೋಗುತ್ತೇನೆ ಎಂದು ಗೌಡಗೆರೆಗೆ ಬಂದವಳು ಟೂರಿನ ಸುದ್ದಿ ಕೇಳಿ ನನಗಿಂತ ಮೊದಲೇ ಕಿಟಕಿ ಸೀಟು ಹಿಡಿದಿದ್ದಳು.

ಅವಳಿಗೊಂದು ಹರಕೆ ಇತ್ತು. ನಮ್ಮಿಬ್ಬರಿಗೂ ಇರುವವನು ಒಬ್ಬನೇ ಮೊಮ್ಮಗ. ಅವನು ಬೈಕಿನಿಂದ ಬಿದ್ದು ಕಾಲು ಮುರಿದುಕೊಂಡಾಗ ಜೋಯಿಸರು ಏಳರಾಟದ ಶನಿ ಹಿಡಿದಿದೆ ಎಂದಿದ್ದರು. ಹುಡುಗ ಎದ್ದು ನಡೆದರೆ ಉಪವಾಸವಿದ್ದು ಬಂದು ಎಳ್ಳಿನ ಚಿಗಳಿ ಒಪ್ಪಿಸುತ್ತೇನೆ ಎಂದು ಇವಳು ಪಾವಗಡದ ಕಡೆ ತಿರುಗಿ ಕೈಮುಗಿದಿದ್ದಳು. ಹುಡುಗ ನಡೆದ. ಚಿಗಳಿ ಬಾಕಿ ಉಳಿದಿತ್ತು.

ಹಿಂದಿನ ದಿನವೇ ತಲೆಗೆ ನೀರು ಹಾಕಿಕೊಂಡು ಮಡಿಯಲ್ಲಿ ಕರಿ ಎಳ್ಳು ಹುರಿದಳು. ಬೆಲ್ಲ ಹಾಕಿ ಕುಟ್ಟಿ ಉಂಡೆ ಕಟ್ಟುವಾಗ ಉಸಿರು ತಾಕಬಾರದು ಎಂದು ಬಾಯಿಗೂ ಮೂಗಿಗೂ ಬಟ್ಟೆ ಕಟ್ಟಿಕೊಂಡಿದ್ದಳು. ದೇವರ ಮುಂದೆ ಇಡುವ ಮೊದಲು ಅದರ ವಾಸನೆ ಹಿಡಿದರೂ ಎಂಜಲು ಎನ್ನುವವಳು ಅವಳು.

"ಬಾಯ್ಗೆ ಹಾಕ್ದೆ ಬೆಲ್ಲ ಸಾಕೋ ಸಾಲ್ದೋ ಹೆಂಗೆ ಗೊತ್ತಾಯ್ತದೆ ಬೀಗ್ತಿ?" ಅಂದೆ.

"ಸಾಲ್ದೇ ಇದ್ರೆ ಶನಿದೇವ್ರು ಹೇಳ್ತಾನೆ ಬುಡಕ್ಕ."

"ನನ್ಹತ್ರ ಹೇಳ್ದಿದ್ರೆ ಸಾಕು."

ನಾನು ನಗಾಡಿದೆ ನಿಜ. ಆದರೆ ಶನಿ ಅಂದರೆ ನನಗೂ ಭಯವೇ. ಬೇರೆ ದೇವರ ಹತ್ತಿರ ಜಗಳ ಆಡಿದ್ದೇನೆ, ಆ ದೇವರ ಹತ್ತಿರ ಆಡಿಲ್ಲ.

ಬೆಳಗ್ಗೆ ಸಿರಾದಲ್ಲಿ ಗೈಡು ವ್ಯಾನು ಹತ್ತಿದ. ಕತ್ತಿಗೆ ಮೈಕು ನೇತು ಹಾಕಿಕೊಂಡಿದ್ದ, ತಲೆ ಅರ್ಧ ಬೋಳಾದ ಮನುಷ್ಯ. ಕೋಟೆಯ ಕಂದಕ ತೋರಿಸಿದ, ಗುಮ್ಮಟದ ಹಳೇ ಗೋರಿ ತೋರಿಸಿದ, ಯಾರು ಕಟ್ಟಿಸಿದರು ಯಾರು ಕೆಡವಿದರು ಎಲ್ಲ ಹೇಳಿದ. ಒಬ್ಬ ಕಟ್ಟುವುದು ಇನ್ನೊಬ್ಬ ಕೆಡವುವುದು, ನನಗೆ ಅಷ್ಟೇ ತಲೆಗೆ ಹೋಯಿತು. ಅಲ್ಲಿಯೇ ಮರದ ನೆರಳಲ್ಲಿ ಎಲ್ಲರೂ ಇಡ್ಲಿ ತಿಂದೆವು. ಬೀಗಿತ್ತಿ ನಮಗೆ ಬೆನ್ನು ಹಾಕಿ ಕೂತು ಬರೀ ನೀರು ಕುಡಿದಳು.

ಮಧುಗಿರಿಗೆ ಹೋದಾಗ ಬಿಸಿಲು ಏರಿತ್ತು. ಬೆಟ್ಟದ ಬುಡದಲ್ಲಿ ವ್ಯಾನು ನಿಲ್ಲಿಸಿ ಗೈಡು ಹೇಳಿದ: "ಅಮ್ಮೋರೇ, ತಿನ್ನೋದು ಏನಿದ್ರೂ ವ್ಯಾನಲ್ಲೇ ಬುಡಿ. ಕೋತಿಗಳು ಬಂದು ಕಿತ್ಕೊಳ್ತವೆ. ನೀರು ಮಾತ್ರ ತಗೊಳ್ಳಿ. ವಯಸ್ಸಾದೋರು ಕೆಳಗೇ ಕೂತ್ಕಂಡ್ರೂ ಆಯ್ತು."

ಎಲ್ಲರೂ ಬುತ್ತಿ ವ್ಯಾನಿನಲ್ಲಿ ಬಿಟ್ಟರು. ಬೀಗಿತ್ತಿ ಚಿಗಳಿ ಡಬ್ಬಿಯಿದ್ದ ಬಟ್ಟೆಚೀಲವನ್ನು ಬಿಡಲಿಲ್ಲ. ಡ್ರೈವರು ಆಗಲೇ ಮೊಟ್ಟೆ ಅನ್ನದ ಪೊಟ್ಟಣ ಬಿಚ್ಚಿ ಕೂತಿದ್ದ. ಆ ವಾಸನೆಯಲ್ಲಿ ದೇವರದ್ದು ಇಡುವುದುಂಟೇ ಎಂದು ಚೀಲ ಎತ್ತಿಕೊಂಡು, ಸೆರಗಿನ ಒಳಗೆ ಮುಚ್ಚಿಕೊಂಡು ಹೊರಟಳು.

"ನಾನಿಲ್ಲೇ ಕೂತಿರ್ತೀನಿ," ಅಂದೆ.

"ಹುಟ್ಟಿದಾಗಿಂದ ಬಸ್ಸಲ್ಲಿ ಕೂತು ನೋಡಿರೋ ಬೆಟ್ಟ ಕಣಕ್ಕ. ಒಂದ್ಕಿತ ಹತ್ತೋಣ ಬಾ. ಆಮೇಲೆ ನಾಕ್ ಜನ ಹೊತ್ಕೊಂಡೋಗೋದು ಹೆಂಗೂ ಇದ್ದೇ ಐತೆ."

ಇವಳು ಹತ್ತಿ ನಾನು ಕೂತರೆ ಸಾಯುವವರೆಗೂ ಆಡಿಕೊಳ್ಳುತ್ತಾಳೆ. ಹತ್ತಿದೆ.

ಮೊದಲ ಬಾಗಿಲುಗಳ ತನಕ ಮೆಟ್ಟಿಲಿವೆ, ನೆರಳಿದೆ, ಭಯವಿಲ್ಲ. ಆಮೇಲೆ ಬರಿ ಬಂಡೆ. ಬಂಡೆಯಲ್ಲೇ ಕಾಲಿಡುವಷ್ಟು ಕಚ್ಚು ಹೊಡೆದಿದ್ದಾರೆ, ಪಕ್ಕದಲ್ಲಿ ಕಬ್ಬಿಣದ ಕಂಬಿ. ಹೆಂಗಸರೆಲ್ಲ ಗೈಡಿನ ಹಿಂದೆ ಮುಂದಕ್ಕೆ ಹೋಗಿಬಿಟ್ಟರು. ನಾವಿಬ್ಬರು ಹಿಂದೆ ಬಿದ್ದೆವು. ಕೆಳಗೆ ನೋಡಬಾರದು ಎಂದುಕೊಂಡೇ ನೋಡಿದೆ. ಊರು ಕೆಳಗೆ ಬೆಂಕಿಪೊಟ್ಟಣ ಚೆಲ್ಲಿದಂತೆ ಬಿದ್ದಿತ್ತು. ಕಂಬಿಯನ್ನು ಎರಡೂ ಕೈಯಲ್ಲಿ ತಬ್ಬಿಕೊಂಡೆ.

ಆಗಲೇ ಬೀಗಿತ್ತಿ ಬಂಡೆಯ ನಡುವೆ ಕೂತಳು.

"ಯಾಕೆ ಬೀಗ್ತಿ, ಸುಸ್ತಾಯ್ತಾ?"

ಮುಖ ನೋಡಿದರೆ ಬೆವರು ಧಾರೆಯಾಗಿ ಇಳಿಯುತ್ತಿದೆ. ಕೈ ಹಿಡಿದೆ. ಆ ಬಿಸಿಲಲ್ಲೂ ಕೈ ತಣ್ಣಗೆ ಕೊರೆಯುತ್ತಿತ್ತು. ನಡುಗುತ್ತಿತ್ತು.

"ಎಮ್ಮೆ ಕಟ್ಟಾಕಿದ್ಯೇನವ್ವಾ?" ಅಂದಳು. ನನ್ನನ್ನೇ ನೋಡಿಕೊಂಡು ಅಂದಳು. ಅವಳ ಮನೆಯ ಎಮ್ಮೆ ಮಾರಿ ಎಷ್ಟೋ ಕಾಲವಾಯಿತು. ಅವಳವ್ವ ಸತ್ತು ಅದಕ್ಕಿಂತ ಹೆಚ್ಚಾಯಿತು.

ಆಗ ನನಗೆ ತಿಳಿಯಿತು. ಇವಳ ಹಾಗೆ ನಮ್ಮ ಯಜಮಾನರಿಗೂ ಸಕ್ಕರೆ ಕಾಯಿಲೆ ಇತ್ತು. ಸಕ್ಕರೆ ಇಳಿದಾಗ ಅವರೂ ಹೀಗೇ ಬೆವೆತು, ಹೀಗೇ ಏನೇನೋ ಮಾತಾಡಿ, ಆಮೇಲೆ ಮಾತು ನಿಲ್ಲಿಸುತ್ತಿದ್ದರು.

"ಲೇ, ಬೆಳಗ್ಗೆ ಮಾತ್ರೆ ನುಂಗಿದ್ಯಾ?"

"ಡಾಕ್ಟ್ರು… ಒಂದಿನಾನೂ ತಪ್ಪಿಸ್ಬೇಡ ಅಂದವ್ರೆ…"

ಮಾತ್ರೆ ನುಂಗಿದ್ದಾಳೆ, ಅನ್ನ ಮುಟ್ಟಿಲ್ಲ. ಡಾಕ್ಟರಿಗೂ ಎದುರಾಡಲಿಲ್ಲ, ಶನಿಗೂ ಎದುರಾಡಲಿಲ್ಲ, ಇಬ್ಬರ ಮಾತನ್ನೂ ನಡೆಸಿ ಬಂಡೆಯ ಮೇಲೆ ಬಂದು ಕೂತಿದ್ದಾಳೆ. ಕಂಬಿ ಬಿಟ್ಟು ಇಳಿಜಾರಿನ ಕಡೆಗೆ ಮಲಗಲು ಹೋದಳು. ನಾನು ಒಂದು ಕೈಯಲ್ಲಿ ಕಂಬಿ, ಇನ್ನೊಂದರಲ್ಲಿ ಅವಳ ರಟ್ಟೆ ಹಿಡಿದು ಕೂಗಿದೆ. ಅಷ್ಟು ಜೋರಾಗಿ ಹೆರಿಗೆಯಲ್ಲೂ ಕೂಗಿರಲಿಲ್ಲ.

ಗೈಡು ಮೇಲಿಂದ ಜಾರಿಕೊಂಡೇ ಬಂದ. ಅವನ ಹಿಂದೆ ಸಂಘದ ಅಧ್ಯಕ್ಷೆಯೂ ಇಳಿದು ಬಂದಳು. ಗೈಡು ಫೋನು ಮಾಡಿದ. ಆಂಬುಲೆನ್ಸು ಬರುತ್ತದೆ, ಆದರೆ ಬುಡದ ತನಕ.

"ಎತ್ಕೊಂಡ್ ಇಳಿಯಪ್ಪ," ಅಂದೆ.

"ಈ ಜಾಗದಲ್ಲಿ ಎತ್ಕೊಂಡ್ರೆ ಇಬ್ರೂ ಉರುಳ್ತೀವಿ ಕಣಮ್ಮ. ಜನ ಕರೆಸ್ಬೇಕು, ಹಗ್ಗ ತರಿಸ್ಬೇಕು. ಸಿಹಿ ಏನಾದ್ರೂ ಐತಾ? ಒಂದು ಚಾಕ್ಲೇಟು?"

ಯಾರ ಹತ್ತಿರವೂ ಏನೂ ಇಲ್ಲ. ಎಲ್ಲವನ್ನೂ ಕೋತಿಗೆ ಹೆದರಿ ಕೆಳಗೆ ಬಿಟ್ಟಿದ್ದೇವೆ. ಬೀಗಿತ್ತಿಯ ಕಣ್ಣು ಮೇಲಕ್ಕೆ ಹೋಗುತ್ತಿತ್ತು. ನನ್ನ ಕಣ್ಣು ಅವಳ ಸೆರಗಿನೊಳಗಿನ ಚೀಲದ ಮೇಲೆ ಬಿತ್ತು. ಅಧ್ಯಕ್ಷೆಗೆ ಗೊತ್ತಾಯಿತು.

"ಬ್ಯಾಡ ಕಣಕ್ಕ! ಶನಿದೇವ್ರದು ಅದು. ಮೊಮ್ಮಗನ ತಲೆ ಮ್ಯಾಲೆ ಹೇಳ್ಕಂಡಿರೋದು. ಅದುನ್ನ ಎಂಜಲು ಮಾಡಿದ್ರೆ ಹುಡುಗನ್ ಮ್ಯಾಲೇ ತಿರುಗ್ಕೊಳ್ತಾನೆ."

ನನ್ನ ಕೈ ನಿಂತಿತು. ಸುಳ್ಳು ಹೇಳಲ್ಲ, ನಿಂತಿತು. ಕಾಲಿಗೆ ಪಟ್ಟಿ ಹಾಕಿಸಿಕೊಂಡು ಮಲಗಿದ್ದ ಹುಡುಗನ ಮುಖ ಕಣ್ಣ ಮುಂದೆ ಬಂತು. ಈ ಕಡೆ ಇವಳ ಬಾಯಿಯ ಮೂಲೆಯಲ್ಲಿ ಜೊಲ್ಲು. ಇವಳನ್ನು ಬಿಟ್ಟರೆ ಇಲ್ಲೇ ಹೋಗುತ್ತಾಳೆ, ಅದು ಕಣ್ಣಿಗೆ ಕಾಣುತ್ತಿದೆ. ಶನಿ ಏನು ಮಾಡುತ್ತಾನೆ ಎನ್ನುವುದು ಕಾಣುತ್ತಿಲ್ಲ. ಕಾಣದ್ದರ ಭಯವೇ ದೊಡ್ಡದು, ಆದರೂ ಚೀಲ ಕಿತ್ತುಕೊಂಡೆ.

ಉಂಡೆ ಬಾಯಿಗೆ ಇಟ್ಟರೆ ಅಗಿಯುವ ಸ್ಥಿತಿ ಅವಳಿಗಿರಲಿಲ್ಲ, ಗಂಟಲಿಗೆ ಸಿಕ್ಕಿಕೊಂಡರೆ ಇನ್ನೊಂದು ಅನಾಹುತ. ನನ್ನ ಸೆರಗಿನ ತುದಿಯಲ್ಲಿ ಎರಡು ಉಂಡೆ ಪುಡಿ ಮಾಡಿ ಗಂಟು ಕಟ್ಟಿದೆ. ಗೈಡು ಅವಳನ್ನು ಹಿಂದಿನಿಂದ ಎದೆಗೆ ಒರಗಿಸಿ ಹಿಡಿದುಕೊಂಡ. ಗಂಟಿನ ಮೇಲೆ ಬಾಟಲಿಯ ನೀರು ಸ್ವಲ್ಪ ಸ್ವಲ್ಪ ಹಾಕಿ ಹಿಂಡಿದೆ. ಬೆಲ್ಲದ ನೀರು ಕಪ್ಪಗೆ ಇಳಿಯಿತು. ಬೆರಳಿಂದ ಅವಳ ಒಸಡಿಗೆ ಸವರಿದೆ, ತುಟಿಯ ಒಳಗೆ ಹನಿಸಿದೆ.

"ನುಂಗೇ! ನುಂಗೇ ಮುಂಡೇದೇ!"

ನುಂಗಿದಳು. ಅಧ್ಯಕ್ಷೆ ಮುಖ ಆ ಕಡೆ ತಿರುಗಿಸಿಕೊಂಡು "ಶನಿದೇವ್ರೇ ಶನಿದೇವ್ರೇ" ಎಂದು ಕೆನ್ನೆ ಬಡಿದುಕೊಳ್ಳುತ್ತಿದ್ದಳು. ಎಷ್ಟು ಹೊತ್ತು ಹಿಂಡಿದೆನೋ ಗೊತ್ತಿಲ್ಲ. ಬಂಡೆಯ ಕಾವಿಗೆ ನನ್ನ ಮಂಡಿ ಸುಡುತ್ತಿತ್ತು. ಕಂಬಿ ಬಿಟ್ಟು ಕೂತಿದ್ದೇನೆ ಎನ್ನುವುದೂ ನನಗೆ ತಿಳಿದಿರಲಿಲ್ಲ.

ನಿಧಾನಕ್ಕೆ ಅವಳ ಕಣ್ಣು ಕೆಳಗಿಳಿದು ನನ್ನ ಮೇಲೆ ನಿಂತಿತು. ಆಮೇಲೆ ನಾಲಿಗೆ ಚಪ್ಪರಿಸಿದಳು. ಚಪ್ಪರಿಸಿ ಗಾಬರಿಯಾದಳು.

"ಏನಕ್ಕಾ ಹಾಕ್ದೆ ಬಾಯ್ಗೆ?"

ಪಕ್ಕದಲ್ಲಿ ಬಾಯಿ ತೆರೆದು ಬಿದ್ದಿದ್ದ ಡಬ್ಬಿ ನೋಡಿದಳು. ನನ್ನ ಕೈಗೆ ಪಟಾರನೆ ಹೊಡೆದಳು.

"ಹುಡುಗನ್ನ ತಿಂದ್ಕಂಡಲ್ಲೇ! ನನ್ನ ಉಳಿಸ್ಕೋ ಅಂತ ನಿಂಗೆ ಹೇಳಿದ್ದೋರ್ಯಾರು?"

"ಹೊಡಿ. ಹೊಡಿಯೋಷ್ಟು ಶಕ್ತಿ ಬಂತಲ್ಲ," ಅಂದೆ. ಹಾಗಂದೆನೇ ಹೊರತು ತಲೆಯಲ್ಲಿ ಹುಡುಗನದೇ ಯೋಚನೆ. ಅವಳು ಹೇಳಿದ್ದು ನಿಜವಾದರೆ?

ಕುಂಡಿಯ ಮೇಲೆ ಕೂತು ಕೂತೇ ಇಳಿದೆವು. ಗೈಡು ನಮ್ಮ ಮುಂದೆ ಅಡ್ಡಡ್ಡ ಕೂತು ಜಾರುತ್ತಾ ಬಂದ. ಕೆಳಗೆ ಆಸ್ಪತ್ರೆಯಲ್ಲಿ ಬೆರಳು ಚುಚ್ಚಿ ನೋಡಿ, ಊಟ ಮಾಡಿಸಿ, ಸ್ವಲ್ಪ ಹೊತ್ತು ಮಲಗಿಸಿ, ಇನ್ನು ಹೋಗಬಹುದು ಎಂದರು. ನನ್ನ ಬುತ್ತಿಯ ಮೊಸರನ್ನವನ್ನು ಅವಳು ಉಣ್ಣಲಿಲ್ಲ, ನುಂಗಿದಳು. ಒಂದೊಂದು ತುತ್ತಿಗೂ ನನ್ನನ್ನು ಶಪಿಸುವವಳ ಹಾಗೆ ನೋಡಿದಳು.

ಗುಡಿಯ ಮುಂದೆ ವ್ಯಾನು ನಿಂತಾಗ ಬೀಗಿತ್ತಿ ಒಳಗೆ ಬರಲಿಲ್ಲ. ಹೂವಿನ ಅಂಗಡಿಯ ಕಟ್ಟೆಯ ಮೇಲೆ ಕೂತುಬಿಟ್ಟಳು.

"ನಾನ್ಯಾವ್ ಮುಖ ಹೊತ್ಕೊಂಡ್ ಹೋಗ್ಲಿ? ಮಾಡಿದೋಳು ನೀನು. ನೀನೇ ಹೋಗು."

ಸಾಲಿನಲ್ಲಿ ಒಬ್ಬಳೇ ನಿಂತೆ. ಮುಂದೆಯೂ ಹಿಂದೆಯೂ ತೆಲುಗು ಮಾತು, ಎಳ್ಳೆಣ್ಣೆಯ ಹೊಗೆ. ತಡೆಯಲಾಗಲಿಲ್ಲ, ಮೊಮ್ಮಗನಿಗೆ ಫೋನು ಮಾಡಿದೆ.

"ಎಲ್ಲಿದ್ದೀಯ್ಲಾ?"

"ಮನೇಲಿ ಕಣಜ್ಜಿ. ಟಿವಿ ನೋಡ್ತಾ ಇದೀನಿ."

"ಕೂತಿದ್ದೀಯಾ, ನಿಂತಿದ್ದೀಯಾ?"

"ಕೂತಿದೀನಿ. ಯಾಕೆ?"

"ಅಲ್ಲೇ ಕೂತಿರು. ಬೈಕ್ ಕೀ ನಿಮ್ಮವ್ವನ ಕೈಗೆ ಕೊಡು. ನಾನ್ ಬರೋಗಂಟ ಏಳ್ಬ್ಯಾಡ."

"ಬಾತ್ರೂಮಿಗೂ ಹೋಗ್ಬಾರ್ದಾ ಅಜ್ಜಿ?"

"ಗೋಡೆ ಹಿಡ್ಕಂಡ್ ಹೋಗು," ಎಂದು ಇಟ್ಟುಬಿಟ್ಟೆ.

ದೇವರ ಮುಂದೆ ನಿಂತಾಗ ತಲೆ ಎತ್ತಲು ಧೈರ್ಯ ಬರಲಿಲ್ಲ. ನೆಲ ನೋಡಿಕೊಂಡೇ ಹೇಳಿದೆ: ತಿನ್ನಿಸಿದವಳು ನಾನು. ಅವಳಿಗೆ ಎಚ್ಚರವಿರಲಿಲ್ಲ, ಹುಡುಗನಿಗೆ ಗೊತ್ತೇ ಇಲ್ಲ. ಹಿಡಿಯುವುದಿದ್ದರೆ ನನ್ನನ್ನು ಹಿಡಿ, ಹೆಂಗೂ ನನಗೆ ಹೆಚ್ಚು ದಿನವಿಲ್ಲ. ದೇವರು ಏನೂ ಹೇಳಲಿಲ್ಲ. ಅರ್ಚಕರು "ಮುಂದಕ್ಕೆ ನಡೀರಿ, ನಡೀರಿ" ಅಂದರು.

ಹೊರಗೆ ಬಂದರೆ ಕಟ್ಟೆಯ ಮೇಲೆ ಬೀಗಿತ್ತಿ ಇಲ್ಲ. ಮತ್ತೆ ಎಲ್ಲಿ ಬಿದ್ದಳೋ ಎಂದು ಸುತ್ತ ಹುಡುಕಿದೆ. ಹೂವಿನವಳನ್ನು ಕೇಳಿದೆ. "ಆ ಅಮ್ಮಗಾರು ನೂನೆ ತೀಸ್ಕೊನಿ ಲೋಪಲಿಕಿ ಪೋಯ್ನಾರು, ಎಣ್ಣೆ ತಕ್ಕಂಡು ಒಳಿಕ್ಕೆ ಹೋದ್ರಮ್ಮ," ಅಂದಳು. ಓಡಿದೆ. ದೀಪ ಹಚ್ಚುವ ಕಡೆ ಬೀಗಿತ್ತಿ ಎಣ್ಣೆ ಹೊಯ್ಯುತ್ತಾ ನಿಂತಿದ್ದಳು.

"ಹೋಗಲ್ಲ ಅಂದೆ?"

"ನೀನು ಸರ್ಯಾಗಿ ಹೇಳ್ತೀಯೋ ಇಲ್ವೋ ಅಂತ ನಂಗೆ ನಂಬ್ಕೆ ಇಲ್ಲ. ನಾನೇ ಹೇಳ್ದೆ."

"ಏನಂತ?"

"ನಮ್ ಬೀಗ್ತಿ ಒರಟಿ, ತಲೆ ಸರ್ಯಾಗಿಲ್ಲ, ಬುಟ್ಬುಡಪ್ಪ ಅಂದೆ."

ಊರಿಗೆ ತಿರುಗಿದ ವ್ಯಾನಿನಲ್ಲಿ ಗೈಡು ಮೈಕು ಬಂದ್ ಮಾಡಿ ತೂಕಡಿಸುತ್ತಿದ್ದ. ಬೀಗಿತ್ತಿ ಕಿಟಕಿಗೆ ಒರಗಿ ಕಣ್ಣು ಮುಚ್ಚಿದಳು. ಅವಳು ಕಣ್ಣು ಮುಚ್ಚಿದ್ದೇ ನನಗೆ ಮತ್ತೆ ಬಂಡೆಯ ಮೇಲೆ ಕೂತಂತಾಯಿತು. ಮೂಗಿನ ಹತ್ತಿರ ಬೆರಳು ಹಿಡಿದು ನೋಡಿದೆ. ಉಸಿರಿತ್ತು. ಸ್ವಲ್ಪ ದೂರ ಹೋದ ಮೇಲೆ ಮತ್ತೆ ಹಿಡಿದೆ. ಆಮೇಲೆ ರಟ್ಟೆ ಚಿವುಟಿದೆ.

"ಬದ್ಕಿದ್ದೀನಿ ಕಣಕ್ಕ," ಕಣ್ಣು ತೆರೆಯದೆ ಅಂದಳು. "ಇನ್ನೊಂದ್ಕಿತ ಚಿವುಟಿದ್ರೆ ಕಿಟಕಿಯಿಂದ ಆಚಿಕ್ಕೆ ಎಸೆದ್ಬುಡ್ತೀನಿ."

ಊರು ಬರುವವರೆಗೆ ಚಿವುಟುತ್ತಲೇ ಇದ್ದೆ. ಒಂದೊಂದು ಸಲವೂ ಬೈದಳು.