ಬಾಯಿಗೆ ಬಾರದ ಹೆಸರು

ಮೊಮ್ಮಕ್ಕಳೇ, ನಿಮ್ಮ ಅಜ್ಜ ತೀರಿಕೊಂಡ ಮರುವರ್ಷ ನಾಗನೂರಿನ ನಮ್ಮ ಮನೆಗೆ ಟಿವಿಯವರೊಬ್ಬರು ಬಂದಿದ್ದರು. ಹಳೆಯ ಜನಪದ ಕಥೆಗಳನ್ನು ಧಾರಾವಾಹಿಗೆಂದು ಬರೆಯುವ ಹೆಣ್ಣುಮಗಳು. ನನಗೆ ಕಥೆಗಳು ಬರುತ್ತವೆ ಎಂದು ಯಾರೋ ಹೇಳಿದ್ದರಂತೆ. ಹೊಸಬರ ಮುಂದೆ ಮಾತಾಡಲು ನನಗೆ ಮೊದಲಿನಿಂದಲೂ ಸಂಕೋಚ. ಆದರೂ ಆಕೆ ಪ್ರೀತಿಯಿಂದ ಕೇಳಿದ್ದಕ್ಕೆ, ಘಟಪ್ರಭಾ ಹೊಳೆಯ ಹತ್ತಿರ ದಾರಿ ಬೇಡಲು ಹೋದ ಟಗರಿನ ಕಥೆಯನ್ನು ಪೂರ್ತಿ ಹೇಳಿಬಿಟ್ಟೆ.

ಆ ಕಥೆ ನನ್ನದಲ್ಲ. ಪ್ರತಿವರ್ಷ ಬೆಳೆ ತೆಗೆದ ಮೇಲೆ ಗೊಬ್ಬರಕ್ಕೆಂದು ನಮ್ಮ ಹೊಲದಲ್ಲಿ ಕುರಿ ನಿಲ್ಲಿಸುತ್ತಿದ್ದ ಕುರುಬರ ಕಾಕಾ ಹೇಳಿದ್ದು. ಅದನ್ನು ಆಕೆಗೂ ತಿಳಿಸಿದೆ. ಕಾಕಾ ಟಗರಿನ ಹಾಗೆ ತಲೆಯಾಡಿಸಿ, ಹೊಳೆಯ ಹಾಗೆ ಗದರಿಸಿ ಹೇಳುತ್ತಿದ್ದರು. ಟಿವಿಯಾಕೆ ಬಂದಾಗ ಅವರು ಹಿಡಕಲ್ ಕಡೆ ಕುರಿ ಹೊಡೆದುಕೊಂಡು ಹೋಗಿದ್ದರು.

"ಕಾಕಾನ ಹೆಸರೇನಮ್ಮಾ? ಟಿವಿಯಲ್ಲಿ ಹಾಕಬೇಕು" ಎಂದು ಆಕೆ ಪೆನ್ನು ಹಿಡಿದು ಕೇಳಿದರು.

ಕಾಕಾನ ಹೆಸರೂ ನಿಮ್ಮ ಅಜ್ಜನ ಹೆಸರೂ ಒಂದೇ. ಗಂಡನ ಹೆಸರನ್ನು ಬಾಯಿಂದ ಹೇಳಬಾರದೆಂದು ಬೆಳೆದವಳು ನಾನು. ರೇಷನ್ ಅಂಗಡಿಯಲ್ಲಿ ಕೇಳಿದರೂ ಬಾಜೂದವರೇ ಹೇಳಬೇಕಿತ್ತು. ಅವತ್ತು ಮನೆಯಲ್ಲಿ ಬೇರೆ ಯಾರೂ ಇರಲಿಲ್ಲ. ಬರೆದು ಕೊಡಬಹುದಿತ್ತು, ಅದು ಹೊಳೆಯಲಿಲ್ಲ.

"ಆಮ್ಯಾಲ ಸೊಸಿ ಕಡಿಂದ ಫೋನ್ ಮಾಡಸ್ತೇನ್ರಿ" ಎಂದೆ. ಇಷ್ಟಕ್ಕೆ ಸೊಸೆ ನಕ್ಕಾಳೆಂದು ನಾಳೆ, ನಾಡಿದ್ದು ಎನ್ನುತ್ತ ಬಿಟ್ಟೆ.

ಧಾರಾವಾಹಿ ಬರುವ ದಿನ, ಸುದ್ದಿ ತಿಳಿದ ಕಾಕಾ ಹೊಸ ರುಮಾಲು ಸುತ್ತಿಕೊಂಡು ಮನೆಮಂದಿಯೊಂದಿಗೆ ನಮ್ಮ ಪಡಸಾಲೆಗೆ ಬಂದರು. "ನನ್ನ ಹೆಸರ ಬರೂತನಾ ಯಾರೂ ಏಳಬ್ಯಾಡ್ರಿ" ಎಂದು ಎಲ್ಲರನ್ನೂ ಕೂರಿಸಿದರು. ಕಥೆ ಚಂದ ಬಂತು. ಕೊನೆಗೆ, ಕಥೆ ಹೇಳಿದವರು ಎಂದು ನನ್ನ ಹೆಸರು ಬಂತು. ಕಾಕಾನಿಗೆ ಓದು ಬಾರದು. ಅವರ ಮೊಮ್ಮಗಳು ಓದಿ ಹೇಳಿದಳು.

ಎಲ್ಲರೂ ನನ್ನ ಮುಖ ನೋಡಿದರು.

ಕಾಕಾ ಎದ್ದು, "ಕೇಳಿದ್ರ ಕಥಿ ನಾನ ಕೊಡತಿದ್ನಲ್ಲವ್ವಾ" ಎಂದರು. ಅಷ್ಟೇ.

ಮರುವಾರ ಸೊಸೆಯಿಂದ ಫೋನ್ ಮಾಡಿಸಿದೆ. ಆ ಬರಹಗಾರ್ತಿಯೂ ನೊಂದುಕೊಂಡರು, ಆದರೆ ಬಂದುಹೋದ ಕಂತನ್ನು ತಿದ್ದಲಾಗದು ಎಂದರು. ಆ ವರ್ಷ ಕಾಕಾನ ಕುರಿಗಳು ಬಾಜೂ ಹೊಲದಲ್ಲಿ ನಿಂತವು. ನಾನೇ ಬದುವಿನ ತನಕ ಹೋಗಿ ಕಾರಣ ಹೇಳಿದೆ. ಕೇಳಿಸಿಕೊಂಡು ಸುಮ್ಮನೆ ತಲೆಯಾಡಿಸಿದರು. ಮತ್ತೆ ಎಂದೂ ನನ್ನ ಮುಂದೆ ಕಥೆ ಹೇಳಲಿಲ್ಲ.

ಟಗರಿನ ಕಥೆ ನಾಗನೂರಿನ ಕುರುಬರ ಭೀಮಪ್ಪನವರದು. ಇಷ್ಟನ್ನು ಬರೆಯಲು ನನಗೆ ಒಂದು ನಿಮಿಷವೂ ಹಿಡಿಯಲಿಲ್ಲ.